ಮೈಸೂರಿನಿಂದ ಹೊರಟ ಬೆಳಕು

ದಾದಾಸಾಹೇಬ ಫಾಲ್ಕೆಯವರ ಸ್ಮರಣಾರ್ಥವಾಗಿ 1969ರಲ್ಲಿ ಸ್ಥಾಪಿತವಾದ ರಾಷ್ಟ್ರೀಯ ಪುರಸ್ಕಾರವು ನಾಲ್ಕು ದಶಕಗಳ ಪರ್ಯಂತ ನಟನಟಿಯರಿಗೂ ನಿರ್ದೇಶಕರಿಗೂ ನಿರ್ಮಾಪಕರಿಗೂ ಗಾಯಕ ಸಂಗೀತಗಾರರಿಗೂ ಸಂದು, ಛಾಯಾಗ್ರಹಣವೊಂದನ್ನೇ ಆಜೀವ ವೃತ್ತಿಯಾಗಿ ಕೈಗೊಂಡವರೊಬ್ಬರನ್ನು ಅರಸಿಕೊಂಡು ಬಂದುದು 2008ನೆಯ ವರ್ಷದ ಪುರಸ್ಕಾರದಲ್ಲಿ ಮೊತ್ತಮೊದಲು. ಅದು ಘೋಷಿತವಾದುದು 2010ರ ಜನವರಿಯಲ್ಲಿ. ಅದನ್ನು ಪಡೆದವರು ಮೈಸೂರಿನ ವಿ. ಕೆ. ಮೂರ್ತಿ, ಆ ವೇಳೆಗೆ ಅವರ ವಯಸ್ಸು ಎಂಬತ್ತಾರು. ಕನ್ನಡಿಗರ ಪೈಕಿ ಅದಕ್ಕೆ ಮುಂಚೆ ಆ ಗೌರವಕ್ಕೆ ಪಾತ್ರರಾಗಿದ್ದ ಡಾ. ರಾಜಕುಮಾರರ ಹೆಸರನ್ನು ಕೇಳದ ಕನ್ನಡ ಮನೆಯಿಲ್ಲ. ಮೂರ್ತಿಯವರ ಹೆಸರನ್ನು ಕೇಳಿದ ಮನೆಗಳಾದರೋ ವಿರಳ. ಚಿತ್ರಪಟದ ಮೇಲೆ ನಾವು ಕಾಣುವುದೆಲ್ಲವೂ ಯಾವನ ಕಣ್ಣಿನ ಮೂಲಕ ಹಾದು ಬಂದಿದೆಯೋ ಆತನೇ ನಮಗೆ ಕಾಣದವನಾಗಿ ಉಳಿದಿರುವುದು ಕನ್ನಡದ ಸಾಂಸ್ಕೃತಿಕ ಚರಿತ್ರೆಯ ಒಂದು ಲೋಪವೆಂದೇ ನನ್ನ ಭಾವನೆ.

ಕನ್ನಡ ಚಿತ್ರಗಳ ಚರಿತ್ರೆಯನ್ನು ಬರೆದವರು ನಟರ ಚರಿತ್ರೆಯನ್ನು ಬರೆದಿದ್ದಾರೆ, ನಿರ್ದೇಶಕರ ಚರಿತ್ರೆಯನ್ನೂ ಬರೆದಿದ್ದಾರೆ. ಆದರೆ ಈ ನಾಡಿನಿಂದ ಹೊರಟ ಬೆಳಕಿಗೆ ಅದರದೇ ಆದ ಒಂದು ಗುರುಪರಂಪರೆಯುಂಟು, ಬೆಂಗಳೂರಿನ ಒಂದು ತಾಂತ್ರಿಕ ವಿದ್ಯಾಲಯದಲ್ಲಿ ಮೊದಲಾಗಿ, ಮುಂಬಯಿಯ ಸ್ಟುಡಿಯೋಗಳಲ್ಲಿ ಪ್ರಾಯಕ್ಕೆ ಬಂದು, ಮಲೆನಾಡಿನ ಅಗ್ರಹಾರಗಳಿಗೂ ಕರಾವಳಿಯ ಗುಡಿಸಲುಗಳಿಗೂ ಮರಳಿ ಬಂದ ಪರಂಪರೆ. ಪೊಳಲಿಯಲ್ಲಿ ಕುಳಿತು ಅದನ್ನು ಬರೆಯುವುದಕ್ಕೆ ಕಾರಣವಿದೆ. ಮೂರ್ತಿಯವರ ಕಲೆಯನ್ನು ಮೊದಲು ಗುರುತಿಸಿದ ಗುರುದತ್ತರು ಬೆಂಗಳೂರಿನಲ್ಲಿ 1925ರಲ್ಲಿ ಹುಟ್ಟಿದವರಾದರೂ ಅವರ ಮನೆತನದ ಹೆಸರು ಪಡುಕೋಣೆ. ಮೂರ್ತಿಯವರನ್ನು ವಾರ್ಧಕ್ಯದಲ್ಲಿ ದೂರದರ್ಶನಕ್ಕೆ ಕರೆತಂದ ಶ್ಯಾಮ್ ಬೆನಗಲ್ಲರು ಆ ಗುರುದತ್ತರಿಗೆ ಸೋದರಸಂಬಂಧಿ. ಕನ್ನಡದ ಹೊಸ ಚಿತ್ರಗಳ ಕಾಲದಲ್ಲಿ ಚೋಮನನ್ನು ತೆರೆಯ ಮೇಲೆ ತಂದ ಬಿ. ವಿ. ಕಾರಂತರಾದರೋ ನಮ್ಮ ಬಂಟ್ವಾಳ ತಾಲೂಕಿನ ಮಂಚಿಯವರೇ. ಕಡಲ ತಡಿಯವರ ಕಥೆಯೂ ಮೈಸೂರಿನವರ ಕಣ್ಣೂ ಹೀಗೆ ಮತ್ತೆ ಮತ್ತೆ ಕೂಡಿಬಂದಿವೆ.

ವೆಂಕಟರಾಮ ಪಂಡಿತ ಕೃಷ್ಣಮೂರ್ತಿಯೆಂಬ ಪೂರ್ಣನಾಮದ ಮೂರ್ತಿಯವರು ಮೈಸೂರಿನಲ್ಲಿ ಜನಿಸಿದುದು 1923ರ ನವೆಂಬರ್ 26ರಂದು. ತರುಣಾವಸ್ಥೆಯಲ್ಲಿ ಪಿಟೀಲು ಕಲಿತರು; ಸ್ವಾತಂತ್ರ್ಯ ಚಳವಳಿಯಲ್ಲಿ ಸೇರಿ ಸೆರೆವಾಸವನ್ನೂ ಅನುಭವಿಸಿದರು. ಆ ಕಾಲದ ಮೈಸೂರು ಸಂಸ್ಥಾನವು ಕೈಗಾರಿಕೆಗೂ ತಾಂತ್ರಿಕ ವಿದ್ಯೆಗೂ ಕೊಡುತ್ತಿದ್ದ ಪ್ರೋತ್ಸಾಹದ ಫಲವಾಗಿ ಬೆಂಗಳೂರಿನಲ್ಲಿ ತಲೆಯೆತ್ತಿದ್ದ ಶ್ರೀ ಜಯಚಾಮರಾಜೇಂದ್ರ ವಿದ್ಯಾಲಯದಲ್ಲಿ ಚಲನಚಿತ್ರ ಛಾಯಾಗ್ರಹಣವನ್ನು ಒಂದು ಪಠ್ಯವಿಷಯವಾಗಿ ಬೋಧಿಸುವ ಏರ್ಪಾಡಾಗಿದ್ದಿತು. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ 1960ರಲ್ಲಿ ಹುಟ್ಟುವುದಕ್ಕೆ ಎಷ್ಟೋ ವರ್ಷ ಮೊದಲೇ, ಇನ್ನೂ ಕನ್ನಡ ವಾಕ್ಚಿತ್ರಗಳು ಎಣಿಕೆಗೆ ಸಿಕ್ಕುವಷ್ಟೇ ಇದ್ದಾಗ, ಒಂದು ದೇಶೀಯ ಸಂಸ್ಥಾನವು ಇಂಥ ವಿದ್ಯೆಗೆ ತರಗತಿಯನ್ನು ತೆರೆದುದು ದೂರದೃಷ್ಟಿಯ ಕಾರ್ಯವೆಂಬುದನ್ನು ಒಪ್ಪಲೇಬೇಕು. ಮೂರ್ತಿಯವರು ಅಲ್ಲಿಂದ 1946ರಲ್ಲಿ ಡಿಪ್ಲೊಮಾ ಪಡೆದು ಮುಂಬಯಿಗೆ ಹೊರಟರು. ಕೈಯಲ್ಲಿ ಡಿಪ್ಲೊಮಾವಿದ್ದ ಮಾತ್ರಕ್ಕೆ ಅಂದಿನ ಸ್ಟುಡಿಯೋಗಳಲ್ಲಿ ಕ್ಯಾಮೆರಾವನ್ನು ಯಾರೂ ಒಪ್ಪಿಸುತ್ತಿರಲಿಲ್ಲ. ಆ ವಿದ್ಯೆ ಗುರುವಿನ ಪಕ್ಕದಲ್ಲಿ ನಿಂತು, ಲೆನ್ಸ್ ಒರಸಿ, ದೀಪಗಳನ್ನು ಹೊತ್ತು, ವರ್ಷಗಟ್ಟಲೆ ನೋಡಿ ನೋಡಿ ಕಲಿಯತಕ್ಕದ್ದಾಗಿತ್ತು. ಫಲಿ ಮಿಸ್ತ್ರಿಯವರಂಥ ನಿಪುಣರ ಕೈಕೆಳಗೆ ಮೂರ್ತಿಯವರು ಹಾಗೆಯೇ ಕಲಿತರು.

1951ರಲ್ಲಿ ದೇವ್ ಆನಂದರ ನವಕೇತನ ಸಂಸ್ಥೆಗಾಗಿ ಗುರುದತ್ತರು ತಮ್ಮ ಮೊದಲ ಚಿತ್ರವಾದ ‘ಬಾಜಿ’ಯನ್ನು ನಿರ್ದೇಶಿಸುತ್ತಿದ್ದಾಗ ಛಾಯಾಗ್ರಾಹಕರಾಗಿದ್ದವರು ವಿ. ರಾತ್ರಾ, ಮೂರ್ತಿಯವರು ಅವರ ಸಹಾಯಕರು. ಒಂದು ಹಾಡಿನ ಚಿತ್ರೀಕರಣದಲ್ಲಿ ಸಹಾಯಕನಾದವನು ನಿರ್ದೇಶಕನಿಗೆ ಒಂದು ಶಾಟನ್ನು ಸೂಚಿಸಿದನು: ಕ್ಯಾಮೆರಾ ಕನ್ನಡಿಯೊಳಗಿನ ಪ್ರತಿಬಿಂಬದಲ್ಲಿ ಮೊದಲಾಗಿ, ಅಲ್ಲಿಂದ ತಿರುಗಿ, ನಾಯಕನನ್ನು ಹಿಂಬಾಲಿಸಿ ನಡೆಯಬೇಕು. ಅದು ಸಾಧ್ಯವೇ ಎಂಬ ಶಂಕೆ ಎದ್ದಾಗ, ರಾತ್ರಾ ಅವರ ಅನುಮತಿಯಿಂದ ಮೂರ್ತಿಯವರು ತಾವೇ ಕ್ಯಾಮೆರಾ ನಡೆಸಿ ಮಾಡಿ ತೋರಿಸಿದರು. ಅದನ್ನು ನೋಡಿದ ಗುರುದತ್ತರು ಇನ್ನು ಮುಂದೆ ನನ್ನ ಚಿತ್ರಗಳಿಗೆ ನೀವೇ ಎಂದು ಮಾತು ಕೊಟ್ಟರೆಂಬುದನ್ನು ಮೂರ್ತಿಯವರು ಅನಂತರದ ಕಾಲದಲ್ಲಿ ಎಷ್ಟೋ ಸಲ ಕೃತಜ್ಞತೆಯಿಂದ ಸ್ಮರಿಸಿದ್ದಾರೆ. ಮಾತು ಸುಳ್ಳಾಗಲಿಲ್ಲ. 1952ರ ‘ಜಾಲ್’ನಿಂದ ಮೊದಲ್ಗೊಂಡು ‘ಆರ್ ಪಾರ್’, ‘ಮಿಸ್ಟರ್ ಆ್ಯಂಡ್ ಮಿಸೆಸ್ 55’, ‘ಸಿ.ಐ.ಡಿ.’, ‘ಪ್ಯಾಸಾ’, ‘ಕಾಗಜ್ ಕೆ ಫೂಲ್’, ‘ಚೌದವೀ ಕಾ ಚಾಂದ್’, ‘ಸಾಹಿಬ್ ಬೀಬಿ ಔರ್ ಗುಲಾಮ್’ ಎಂಬೀ ಚಿತ್ರಗಳಲ್ಲಿ ದಶಕಕ್ಕೂ ಮಿಕ್ಕಿ ಅವರಿಬ್ಬರ ಸಾಹಚರ್ಯವು ನಡೆಯಿತು.

ಆ ಸಾಹಚರ್ಯದ ಸ್ವರೂಪವೇನೆಂಬುದನ್ನು 1957ರ ‘ಪ್ಯಾಸಾ’ದಲ್ಲಿ ಕಾಣಬಹುದು. ಮೃತನೆಂದು ಲೋಕವೆಲ್ಲವೂ ನಂಬಿದ ಕವಿಯು ತನ್ನದೇ ಸ್ಮರಣಸಭೆಗೆ ಬಂದು ಸಭಾಭವನದ ಬಾಗಿಲಲ್ಲಿ ನಿಲ್ಲುವ ಸನ್ನಿವೇಶದಲ್ಲಿ ಬೆಳಕೆಲ್ಲವೂ ಆತನ ಬೆನ್ನ ಹಿಂದಿನಿಂದ ಬರುತ್ತದೆ. ಮುಖವು ಕಾಣುವುದಿಲ್ಲ, ಆಕೃತಿ ಮಾತ್ರ ಕಾಣುತ್ತದೆ. ಅಂದಿನ ಹಿಂದೀ ಚಿತ್ರಗಳಲ್ಲಿ ನಾಯಕನ ಮುಖವನ್ನು ಸದಾ ಬೆಳಗಿ ತೋರಿಸುವುದೇ ನಿಯಮವಾಗಿದ್ದಿತು. ಜನರು ಹಣ ಕೊಟ್ಟು ಬರುವುದು ಆ ಮುಖವನ್ನು ನೋಡುವುದಕ್ಕಾಗಿಯೇ ಎಂದು ವಿತರಕರು ನಂಬಿದ್ದರು. ಆ ಮುಖವನ್ನೇ ಕತ್ತಲೆಯಲ್ಲಿಡುವುದಕ್ಕೆ ನಿರ್ದೇಶಕನಲ್ಲಿಯೂ ಛಾಯಾಗ್ರಾಹಕನಲ್ಲಿಯೂ ಸಮಾನವಾದ ಧೈರ್ಯವಿರಬೇಕು. ಮುಖವನ್ನು ತೋರಿಸಬೇಕಾದಲ್ಲಿ ಅವರು ತೋರಿಸದೆ ಬಿಡಲಿಲ್ಲ: ಹೆಚ್ಚಿನ ನಾಭಿದೂರದ ಲೆನ್ಸುಗಳನ್ನು ಇಟ್ಟು, ಹಿನ್ನೆಲೆಯೆಲ್ಲವೂ ಮಸುಕಾಗಿ ಕಣ್ಣುಗಳೆರಡೇ ಸ್ಪಷ್ಟವಾಗಿ ನಿಲ್ಲುವಂತೆ ತೆಗೆದ ಅವರ ಸಮೀಪಚಿತ್ರಗಳು ಇಂದಿಗೂ ಅಭ್ಯಾಸಯೋಗ್ಯವಾಗಿವೆ.

1959ರ ‘ಕಾಗಜ್ ಕೆ ಫೂಲ್’ ಭಾರತದ ಮೊದಲ ಸಿನೆಮಾಸ್ಕೋಪ್ ಚಿತ್ರ. ಈ ಪದ್ಧತಿಯಲ್ಲಿ ವಿಶಿಷ್ಟವಾದ ಲೆನ್ಸೊಂದು ದೃಶ್ಯವನ್ನು ಅಡ್ಡಡ್ಡಲಾಗಿ ಅರ್ಧಕ್ಕೆ ಒತ್ತಿ 35 ಮಿಲಿಮೀಟರ್ ಫಿಲ್ಮಿನ ಮೇಲೆ ಇಳಿಸುತ್ತದೆ. ಪ್ರದರ್ಶನದ ವೇಳೆ ಮತ್ತೊಂದು ಲೆನ್ಸು ಅದನ್ನು ಹಿಗ್ಗಿಸಿ, ಎತ್ತರಕ್ಕಿಂತ ಎರಡೂಕಾಲು ಮಡಿಗೂ ಹೆಚ್ಚು ಅಗಲವಾಗಿ ತೆರೆಯ ಮೇಲೆ ಹರಡುತ್ತದೆ. ಅಮೆರಿಕದವರು ಅದನ್ನು ಸೈನ್ಯಗಳನ್ನೂ ಸಮುದ್ರಗಳನ್ನೂ ತೋರಿಸಲು ಬಳಸಿದರು. ಗುರುದತ್ತರೂ ಮೂರ್ತಿಯವರೂ ಒಬ್ಬ ಒಂಟಿ ಮನುಷ್ಯನ ಸುತ್ತಣ ಶೂನ್ಯವನ್ನು ತೋರಿಸಲು ಬಳಸಿದರು. ಅಗಲವಾದ ಆ ಪಟದ ಒಂದು ಮೂಲೆಯಲ್ಲಿ ಮನುಷ್ಯನನ್ನು ನಿಲ್ಲಿಸಿ, ಉಳಿದುದನ್ನೆಲ್ಲ ಸ್ಟುಡಿಯೋದ ಖಾಲಿ ಕತ್ತಲೆಗೆ ಬಿಟ್ಟುಕೊಟ್ಟಾಗ ಹುಟ್ಟುವ ಏಕಾಂತವನ್ನು ಸಂಭಾಷಣೆಯಿಂದ ಹುಟ್ಟಿಸುವುದು ಕಷ್ಟ.

ಆ ಚಿತ್ರದಲ್ಲಿ ಗೀತಾ ದತ್ತರ ಕಂಠದಲ್ಲಿರುವ ಒಂದು ಹಾಡು, ಪರಸ್ಪರ ಅನುರಕ್ತರಾದರೂ ಸೇರಲಾರದ ಇಬ್ಬರು ನಿರ್ಜನವಾದ ಸ್ಟುಡಿಯೋದಲ್ಲಿ ಎದುರುಬದುರಾಗಿ ನಿಂತಾಗ ಕೇಳಿಬರುತ್ತದೆ. ಮೇಲಿನಿಂದ ಒಂದು ಬಿಸಿಲುಕೋಲು ಓರೆಯಾಗಿ ಇಳಿದು ನೆಲವನ್ನು ಮುಟ್ಟುತ್ತದೆ. ಅವರಿಬ್ಬರೂ ಅದರತ್ತ ನಡೆಯುತ್ತಾರೆ. ಭಾರತೀಯ ಚಿತ್ರಗಳ ಛಾಯಾಗ್ರಹಣವನ್ನು ಕುರಿತು ಮಾತು ಬಂದಾಗಲೆಲ್ಲ ಈ ದೃಶ್ಯದ ಪ್ರಸ್ತಾಪ ಬರುತ್ತದೆ. ಆದುದರಿಂದ ಅದರ ಮರ್ಮವನ್ನು ಸ್ವಲ್ಪ ವಿಸ್ತರಿಸಿ ಹೇಳುವುದು ಉಚಿತ. ಸ್ಟುಡಿಯೋದ ದೀಪ ಎಷ್ಟೇ ಪ್ರಖರವಾದರೂ ಅದು ನಮಗೆ ಸಮೀಪದಲ್ಲಿದೆ. ಅದರ ಕಿರಣಗಳು ಒಂದು ಬಿಂದುವಿನಿಂದ ಹೊರಟು ದೂರ ಹೋದಂತೆಲ್ಲ ಅಗಲವಾಗಿ ಹರಡುತ್ತವೆ. ಸೂರ್ಯನಾದರೋ ಸುಮಾರು ಹದಿನೈದು ಕೋಟಿ ಕಿಲೋಮೀಟರು ದೂರದಲ್ಲಿರುವುದರಿಂದ ಅವನ ಕಿರಣಗಳು ಭೂಮಿಗೆ ಬರುವಾಗ ಬಹುಮಟ್ಟಿಗೆ ಸಮಾನಾಂತರವಾಗಿರುತ್ತವೆ. ಹೆಂಚಿನ ಸಂದಿನಿಂದ ಅಟ್ಟದೊಳಗೆ ಇಳಿಯುವ ಬಿಸಿಲು ಮೊದಲಿನಿಂದ ಕಡೆಯವರೆಗೂ ಒಂದೇ ದಪ್ಪದ ಸ್ತಂಭದಂತೆ ಕಾಣುವುದು ಇದೇ ಕಾರಣದಿಂದ. ದೀಪದಿಂದ ಅಂಥ ಕೋಲನ್ನು ಮಾಡಹೋದರೆ ಅದು ಶಂಕುವಾಗುತ್ತದೆ. ನೋಡುವವನ ಬುದ್ಧಿಗೆ ಕಾರಣ ತಿಳಿಯದಿದ್ದರೂ ಕಣ್ಣಿಗೆ ಅದು ಕೃತಕವೆಂದು ತಿಳಿದುಬಿಡುತ್ತದೆ.

ಒಂದು ದಿನ ಸ್ಟುಡಿಯೋದೊಳಗೆ ಆಕಸ್ಮಿಕವಾಗಿ ಬಿದ್ದ ಬಿಸಿಲನ್ನು ಗುರುದತ್ತರು ನೋಡಿ, ಇದು ನನಗೆ ಬೇಕು ಎಂದರು. ಮೂರ್ತಿಯವರು ದೀಪಗಳ ಯೋಚನೆಯನ್ನು ಕೈಬಿಟ್ಟು ಎರಡು ದೊಡ್ಡ ನಿಲುಗನ್ನಡಿಗಳನ್ನು ತರಿಸಿದರು. ಒಂದನ್ನು ಹೊರಗೆ ಬಿಸಿಲಿನಲ್ಲಿ ನಿಲ್ಲಿಸಿದರು. ಅದು ಸೂರ್ಯನನ್ನು ಹಿಡಿದು ಒಳಗೆ ಎತ್ತರದಲ್ಲಿಟ್ಟಿದ್ದ ಎರಡನೆಯ ಕನ್ನಡಿಗೆ ಕಳುಹಿಸಿತು. ಅದು ನೆಲದತ್ತ ತಿರುಗಿಸಿತು. ಗಾಳಿಯಲ್ಲಿ ಸ್ವಲ್ಪ ಹೊಗೆಯನ್ನು ಬಿಟ್ಟೊಡನೆ ಕಿರಣವು ಮೈದಾಳಿತು. ಸೂರ್ಯನು ಆಕಾಶದಲ್ಲಿ ಗಂಟೆಗೆ 15 ಡಿಗ್ರಿಯಂತೆ ಸರಿಯುತ್ತಿರುವುದರಿಂದ ಇಂಥ ಏರ್ಪಾಡು ಒಮ್ಮೆ ನಿಲ್ಲಿಸಿ ಮರೆಯತಕ್ಕದ್ದಲ್ಲ. ಕನ್ನಡಿಯನ್ನು ತಿರುಗಿಸುತ್ತಲೇ ಇರಬೇಕು, ಮೋಡವೊಂದು ಅಡ್ಡಬಂದರೆ ಕೆಲಸ ನಿಲ್ಲಬೇಕು. ಯಂತ್ರಸಾಮಗ್ರಿಯ ಸಮೃದ್ಧಿಯಿಲ್ಲದ ದೇಶದಲ್ಲಿ ಎರಡು ಕನ್ನಡಿಗಳಿಂದ ಸಾಧಿತವಾದ ಈ ಕಾರ್ಯವು ಬುದ್ಧಿಯ ವಿಜಯ. ಚಿತ್ರವೇನೋ ಹಣದ ದೃಷ್ಟಿಯಿಂದ ಸೋತಿತು. ಗುರುದತ್ತರು ಆ ಬಳಿಕ ಯಾವ ಚಿತ್ರಕ್ಕೂ ನಿರ್ದೇಶಕರೆಂದು ತಮ್ಮ ಹೆಸರನ್ನು ಹಾಕಿಕೊಳ್ಳಲಿಲ್ಲ. ಮೂರ್ತಿಯವರಿಗೆ ಮಾತ್ರ ಅದೇ ಚಿತ್ರಕ್ಕಾಗಿ ಫಿಲ್ಮ್‌ಫೇರ್ ಪ್ರಶಸ್ತಿ ಬಂದಿತು.

‘ಚೌದವೀ ಕಾ ಚಾಂದ್’ ಚಿತ್ರದ ಹಾಡಿಗಾಗಿ ಅವರು ವರ್ಣಚಿತ್ರಣಕ್ಕೆ ಕೈಹಾಕಿದರು. ಆ ವಿದ್ಯೆಯನ್ನು ಚೆನ್ನಾಗಿ ತಿಳಿಯುವುದಕ್ಕೆ ವಿದೇಶಕ್ಕೂ ಹೋಗಿ, ‘ದಿ ಗನ್ಸ್ ಆಫ್ ನವರೋನ್’ ಚಿತ್ರದ ತಂಡ ಕೆಲಸ ಮಾಡುವ ಬಗೆಯನ್ನು ಸಮೀಪದಿಂದ ನೋಡಿ ಬಂದರು. ಆದರೆ ಅವರ ಪ್ರೌಢಕೃತಿಯೆಂದು ನಾನು ಭಾವಿಸುವುದು ಮತ್ತೆ ಕಪ್ಪುಬಿಳುಪಿನದೇ ಆದ 1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ ಚಿತ್ರವನ್ನು. ಕ್ಷಯಿಸುತ್ತಿರುವ ಬಂಗಾಳದ ಜಮೀನ್ದಾರಿ ಮಹಲಿನ ಕಥೆ ಅದು. ಅದರ ಒಂದು ನೃತ್ಯದಲ್ಲಿ ಮುಖ್ಯ ನರ್ತಕಿ ಮಾತ್ರ ಬೆಳಕಿನಲ್ಲಿದ್ದು, ಸುತ್ತಲಿನ ನರ್ತಕಿಯರೆಲ್ಲರೂ ಹಾಡು ಮುಗಿಯುವ ತನಕ ನೆರಳಿನಲ್ಲೇ ಕುಣಿಯುತ್ತಾರೆ. ಹಿನ್ನೆಲೆಯ ನರ್ತಕಿಯರ ಮುಖಗಳು ಸನ್ನಿವೇಶಕ್ಕೆ ಒಪ್ಪುವುದಿಲ್ಲವೆಂಬ ಅಸಮಾಧಾನವೊಂದು ಹುಟ್ಟಿದಾಗ ಮೂರ್ತಿಯವರು ಕಂಡುಕೊಂಡ ಉಪಾಯವಿದು. ಅಡಚಣೆಯನ್ನು ನೀಗುವುದಕ್ಕೆ ಮಾಡಿದುದು ಕಥೆಯ ಆತ್ಮವನ್ನೇ ಮುಟ್ಟಿತು, ಏಕೆಂದರೆ ಆ ಮಹಲಿನಲ್ಲಿ ವಾಸಿಸುವ ಹೆಂಗಸರೆಲ್ಲರ ಬಾಳೂ ನೆರಳಿನದೇ. ಎರಡನೆಯ ಫಿಲ್ಮ್‌ಫೇರ್ ಪ್ರಶಸ್ತಿ ಈ ಚಿತ್ರಕ್ಕೆ ಸಂದಿತು.

ಮೂರ್ತಿಯವರಿಗಿಂತ ಒಂದು ವರ್ಷಕ್ಕೆ ಹಿರಿಯರಾಗಿ, 1922ರ ಡಿಸೆಂಬರಿನಲ್ಲಿ ಸ್ವೀಡನ್ ದೇಶದ ಮೋಹೆಡಾ ಎಂಬಲ್ಲಿ ಹುಟ್ಟಿದ ಸ್ವೆನ್ ನಿಕ್ವಿಸ್ಟರ ಹೆಸರನ್ನು ಇಲ್ಲಿ ಸ್ಮರಿಸಬೇಕು. ಆಫ್ರಿಕದ ಕಾಂಗೋದಲ್ಲಿ ಧರ್ಮಪ್ರಚಾರಕರಾಗಿದ್ದವರ ಮಗನಾದ ಈತ, ಇಂಗ್ಮಾರ್ ಬರ್ಗ್‌ಮನ್ನರ ಚಿತ್ರಗಳಿಗೆ ಕ್ಯಾಮೆರಾ ಹಿಡಿದು ಲೋಕವಿಖ್ಯಾತರಾದರು; ‘ಕ್ರೈಸ್ ಆ್ಯಂಡ್ ವಿಸ್ಪರ್ಸ್’, ‘ಫ್ಯಾನಿ ಆ್ಯಂಡ್ ಅಲೆಕ್ಸಾಂಡರ್’ ಚಿತ್ರಗಳಿಗಾಗಿ ಎರಡು ಸಲ ಆಸ್ಕರ್ ಪಡೆದರು. ‘ವಿಂಟರ್ ಲೈಟ್’ ಚಿತ್ರಕ್ಕೆ ಮುನ್ನ ನಿರ್ದೇಶಕನೂ ಛಾಯಾಗ್ರಾಹಕನೂ ಒಂದು ಇಗರ್ಜಿಯಲ್ಲಿ ಕುಳಿತು, ಚಳಿಗಾಲದ ಮಧ್ಯಾಹ್ನದ ಬೆಳಕು ಗಳಿಗೆ ಗಳಿಗೆಗೆ ಹೇಗೆ ಮಾರ್ಪಡುತ್ತದೆಂಬುದನ್ನೇ ನೋಡುತ್ತಿದ್ದರಂತೆ. ಅದೇ ನಿಕ್ವಿಸ್ಟರು 1972ರಲ್ಲಿ ತೆರೆಕಂಡ ‘ಸಿದ್ಧಾರ್ಥ’ ಚಿತ್ರಕ್ಕಾಗಿ ನಮ್ಮ ದೇಶಕ್ಕೂ ಬಂದು, ಶಶಿ ಕಪೂರ್, ಸಿಮಿ ಗರೇವಾಲರನ್ನು ಗಂಗೆಯ ತೀರದ ಬೆಳಕಿನಲ್ಲಿ ಚಿತ್ರಿಸಿದರು. ಸೂರ್ಯನು ದಿಗಂತವನ್ನು ಬಿಟ್ಟು ಬಹಳ ಮೇಲಕ್ಕೆ ಏರದ ಉತ್ತರದೇಶದವನಿಗೆ ಮೃದುವಾದ, ನೆರಳಿಲ್ಲದ ಬೆಳಕು ಸಹಜ. ಸೂರ್ಯನು ನೆತ್ತಿಯ ಮೇಲೆ ಬಂದು ನಿಲ್ಲುವ ಮೈಸೂರಿನವನಿಗೆ ಕಡು ಬಿಸಿಲೂ ಕಡು ನೆರಳೂ ಸಹಜ. ಇಬ್ಬರೂ ತಂತಮ್ಮ ನೆಲದ ಸೂರ್ಯನಿಗೆ ಪ್ರಾಮಾಣಿಕರಾಗಿದ್ದರೆಂಬುದೇ ಅವರ ಹಿರಿಮೆ.

ನಮ್ಮ ಸೀಮೆಯವರಿಗೆ ಈ ಮಾತನ್ನು ಬಹಳವಾಗಿ ವಿವರಿಸಬೇಕಾಗಿಲ್ಲ. ಶ್ರೀ ರಾಜರಾಜೇಶ್ವರಿಯ ಮೃಣ್ಮಯ ಮೂರ್ತಿಯ ಮುಖವನ್ನು ಗರ್ಭಗುಡಿಯ ಮಬ್ಬಿನಲ್ಲಿ ಆರತಿಯ ಬೆಳಕಿನಿಂದ ನೋಡಿದವರು, ಕೋಲದ ರಾತ್ರಿಯಲ್ಲಿ ತೆಂಗಿನ ಗರಿಯ ಸೂಟೆಗಳ ನಡುವೆ ಭೂತದ ಅಣಿಯು ಎದ್ದು ನಿಲ್ಲುವುದನ್ನು ನೋಡಿದವರು, ತೆಂಕುತಿಟ್ಟಿನ ಬಣ್ಣದ ವೇಷವು ತೆರೆಯ ಹಿಂದಿನಿಂದ ಪ್ರವೇಶಿಸುವಾಗ ದೊಂದಿಗೆ ರಾಳದ ಪುಡಿಯೆರಚಿ ಎಬ್ಬಿಸುವ ಜ್ವಾಲೆಯಲ್ಲಿ ಆ ಮುಖದ ಚುಟ್ಟಿಗಳು ಒಂದು ಕ್ಷಣ ಉರಿದು ಮತ್ತೆ ಕತ್ತಲೆಗೆ ಸರಿಯುವುದನ್ನು ನೋಡಿದವರು, ಎಷ್ಟನ್ನು ಕಾಣಿಸಬೇಕು, ಎಷ್ಟನ್ನು ಕಾಣಿಸಬಾರದು ಎಂಬ ವಿವೇಕವನ್ನು ಬಾಲ್ಯದಿಂದಲೇ ಬಲ್ಲರು. ಟ್ಯೂಬ್‌ಲೈಟುಗಳೂ ಹ್ಯಾಲೊಜನ್ನುಗಳೂ ರಂಗಸ್ಥಳವನ್ನು ಹಗಲು ಮಾಡಿದ ಮೇಲೆ ಆ ವೇಷಗಳ ಭಯಂಕರತೆಯಲ್ಲಿ ಅರ್ಧಪಾಲು ನಷ್ಟವಾಯಿತೆಂದು ಹಿರಿಯರು ಹೇಳುವುದುಂಟು. ನಾನೂ ಅವರ ಪಕ್ಷದವನು.

ಗುರುದತ್ತರು 1964ರ ಅಕ್ಟೋಬರ್ 10ರಂದು ತೀರಿಕೊಂಡರು. ಅಲ್ಲಿಂದಾಚೆಗೆ ಮೂರ್ತಿಯವರ ಬಾಳಿನ ಎರಡು ದಶಕಗಳು ಹಿಂದೀ ಚಿತ್ರೋದ್ಯಮದ ಮಾಮೂಲಿನಲ್ಲಿ ಕಳೆದವು: ‘ಜಿದ್ದಿ’, ‘ಲವ್ ಇನ್ ಟೋಕಿಯೊ’, ‘ಜುಗ್ನು’ ಮೊದಲಾದುವು ಹಣವನ್ನು ಗಳಿಸಿದುವು. ಜರ್ಮನಿಯಿಂದ ಬಂದು ಮುಂಬಯಿಯಲ್ಲೇ ನೆಲೆಸಿದ್ದ ಯೋಸೆಫ್ ವಿರ್ಶಿಂಗರು 1967ರಲ್ಲಿ ಮೃತರಾದಾಗ ಅರ್ಧದಲ್ಲಿ ನಿಂತ ‘ಪಾಕೀಜಾ’ವನ್ನು ಮುಗಿಸಿಕೊಟ್ಟವರಲ್ಲಿ ಇವರೂ ಒಬ್ಬರು. ಆದರೆ ಛಾಯಾಗ್ರಾಹಕನೆಷ್ಟೇ ಸಮರ್ಥನಾಗಿರಲಿ, ಕತ್ತಲೆಯನ್ನು ಬಯಸುವ ನಿರ್ದೇಶಕನಿಲ್ಲದಿದ್ದರೆ ಅವನ ಸಾಮರ್ಥ್ಯದ ಬಹುಭಾಗ ಬಳಕೆಯಾಗದೆ ಉಳಿಯುತ್ತದೆಂಬುದಕ್ಕೆ ಈ ವರ್ಷಗಳೇ ಸಾಕ್ಷಿ.

ಆ ವರ್ಷಗಳಲ್ಲಿ ಅವರು ಗಳಿಸಿದ ನಿಜವಾದ ಸಂಪತ್ತು ಒಬ್ಬ ಶಿಷ್ಯ. ಗೋವಿಂದ ನಿಹಲಾನಿಯವರು ಅದೇ ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಛಾಯಾಗ್ರಹಣವನ್ನು ಕಲಿತು, 1962ರಲ್ಲಿ ಡಿಪ್ಲೊಮಾ ಪಡೆದು, ಮುಂಬಯಿಯಲ್ಲಿ ಮೂರ್ತಿಯವರ ಸಹಾಯಕರಾದರು. ಆ ಶಿಷ್ಯನ ಕ್ಯಾಮೆರಾ 1973ರಲ್ಲಿ ಕನ್ನಡಕ್ಕೆ ಮರಳಿತು. ಆಲನಹಳ್ಳಿ ಕೃಷ್ಣರ ಕಾದಂಬರಿಯಿಂದ ಗಿರೀಶ ಕಾರ್ನಾಡರು ನಿರ್ದೇಶಿಸಿದ ‘ಕಾಡು’ ಚಿತ್ರದಲ್ಲಿ ಹುಡುಗನೊಬ್ಬನ ಕಣ್ಣಿಗೆ ಕಂಡ ಹಳ್ಳಿಯ ದ್ವೇಷವನ್ನೂ ಕಾಡಿನ ಗವ್ವನ್ನೂ ಚಿತ್ರಿಸಿದವರು ನಿಹಲಾನಿ. ಮರುವರ್ಷ ಶ್ಯಾಮ್ ಬೆನಗಲ್ಲರ ‘ಅಂಕುರ್’ ಬಂದಿತು. ಅದಕ್ಕೂ ಇವರದೇ ಕ್ಯಾಮೆರಾ.

ಗುರುವಿನ ಋಣವನ್ನು ಶಿಷ್ಯನು ತೀರಿಸಿದ ಬಗೆ ಮನಸ್ಸಿಗೆ ತಂಪೆರೆಯುವಂಥದು. ಭೀಷ್ಮ ಸಾಹನಿಯವರ ಕಾದಂಬರಿಯನ್ನು ಆಧರಿಸಿ, ದೇಶವಿಭಜನೆಯ ಕಾಲದ ಹಿಂಸೆಯನ್ನು ಕುರಿತ ‘ತಮಸ್’ ಎಂಬ ದೂರದರ್ಶನ ಚಿತ್ರವನ್ನು ನಿಹಲಾನಿಯವರು ನಿರ್ದೇಶಿಸಿದಾಗ, ಛಾಯಾಗ್ರಹಣದಲ್ಲಿ ಮೂರ್ತಿಯವರನ್ನು ತಮ್ಮೊಡನೆ ಸೇರಿಸಿಕೊಂಡರು. 1988ರಲ್ಲಿ ಅದು ಪ್ರಸಾರವಾದಾಗ ಅದನ್ನು ನಿಲ್ಲಿಸಬೇಕೆಂಬ ವ್ಯಾಜ್ಯ ಸರ್ವೋಚ್ಚ ನ್ಯಾಯಾಲಯದವರೆಗೂ ಹೋಗಿ ವಜಾ ಆಯಿತು. ಅದೇ ವರ್ಷ ಬೆನಗಲ್ಲರು ಜವಾಹರಲಾಲ್ ನೆಹರೂ ಅವರ ಗ್ರಂಥವನ್ನು ಆಧರಿಸಿ 53 ಕಂತುಗಳ ‘ಭಾರತ್ ಏಕ್ ಖೋಜ್’ ಧಾರಾವಾಹಿಯನ್ನು ಪ್ರಸಾರಕ್ಕೆ ತಂದರು. ಅದರ ಕ್ಯಾಮೆರಾ ಮೂರ್ತಿಯವರದು. ಸಿಂಧೂ ಕಣಿವೆಯಿಂದ ಸ್ವಾತಂತ್ರ್ಯದ ತನಕದ ಐದು ಸಾವಿರ ವರ್ಷಗಳನ್ನು ಅರುವತ್ತು ದಾಟಿದವರೊಬ್ಬರು ವಾರ ವಾರವೂ ಮನೆಮನೆಯ ಪೆಟ್ಟಿಗೆಯೊಳಗೆ ಬೆಳಗಿಸಿದರು. ಅಂದಿನ ದೂರದರ್ಶನದ ಪರದೆಯು ಚಿಕ್ಕದು, ಹೊಳಪಿನ ವ್ಯಾಪ್ತಿಯೂ ಅಲ್ಪ. ಥಿಯೇಟರಿನಲ್ಲಿ ಮಖಮಲ್ಲಿನಂತೆ ಕಾಣುವ ಕಪ್ಪು ಅದರಲ್ಲಿ ಬೂದಿಯ ಬಣ್ಣಕ್ಕೆ ತಿರುಗುತ್ತಿತ್ತು. ನೆರಳನ್ನೇ ನಂಬಿ ಬಾಳಿದ ಕಲಾವಿದನು ಆ ವಯಸ್ಸಿನಲ್ಲಿ ತನ್ನ ವಿದ್ಯೆಯನ್ನು ಹೊಸದಾಗಿ ಅಳೆದುಕೊಳ್ಳಬೇಕಾಯಿತು. ನಿಕ್ವಿಸ್ಟರೂ ಇದೇ ದಾರಿಯಲ್ಲಿ ಹಿಂದೆ ನಡೆದಿದ್ದರು: ಬರ್ಗ್‌ಮನ್ನರ ‘ಸೀನ್ಸ್ ಫ್ರಮ್ ಎ ಮ್ಯಾರೇಜ್’ 1973ರಲ್ಲಿ ಸ್ವೀಡನ್ನಿನ ದೂರದರ್ಶನಕ್ಕಾಗಿಯೇ ಆರು ಕಂತುಗಳಲ್ಲಿ ತಯಾರಾದದ್ದು.

ಕರ್ನಾಟಕದೊಳಗೆ ಇಷ್ಟರಲ್ಲೇ ಇನ್ನೊಂದು ಧಾರೆ ಹುಟ್ಟಿ ಹರಿದಿತ್ತು. 1970ರಲ್ಲಿ ಪಟ್ಟಾಭಿರಾಮ ರೆಡ್ಡಿಯವರು ಶೃಂಗೇರಿಯ ಬಳಿ ‘ಸಂಸ್ಕಾರ’ವನ್ನು ಚಿತ್ರಿಸಿದಾಗ ಕ್ಯಾಮೆರಾ ಹಿಡಿದವರು ಆಸ್ಟ್ರೇಲಿಯದ ಟಾಮ್ ಕೋವನ್; ಅವರ ಬಳಿ ಕೆಲಸ ಕಲಿತ ತರುಣ ಎಸ್. ರಾಮಚಂದ್ರ. ಮುಂದಿನ ನಾಲ್ಕು ದಶಕಗಳ ಕನ್ನಡದ ಶ್ರೇಷ್ಠ ಚಿತ್ರಗಳಲ್ಲಿ ಎಷ್ಟೋ ಈ ರಾಮಚಂದ್ರರ ಕಣ್ಣಿನಿಂದ ಬಂದವು. ಶಿವರಾಮ ಕಾರಂತರ ಕಾದಂಬರಿಯಿಂದ ನಮ್ಮ ಬಿ. ವಿ. ಕಾರಂತರು 1975ರಲ್ಲಿ ‘ಚೋಮನ ದುಡಿ’ಯನ್ನು ಮಾಡಿ ಸ್ವರ್ಣಕಮಲವನ್ನು ಗಳಿಸಿದಾಗ ಕ್ಯಾಮೆರಾ ರಾಮಚಂದ್ರರದು. ಬೇಸಾಯದ ಭೂಮಿಗಾಗಿ ಹಂಬಲಿಸಿ, ಹಂಬಲವನ್ನೆಲ್ಲ ದುಡಿಯ ಮೇಲೆ ಬಡಿದು ತೀರಿಸಿಕೊಳ್ಳುವ ಚೋಮನ ಲೋಕವು ಗುಡಿಸಲಿನದು, ರಾತ್ರಿಯದು. ಬಡತನದ ಮನೆಯಲ್ಲಿ ದೀಪಕ್ಕೂ ಬಡತನ. ಅಂಥ ಬಾಳನ್ನು ಸ್ಟುಡಿಯೋದ ಹೊಳಪಿನಲ್ಲಿ ತೋರಿಸಿದರೆ ಅದು ಅಸತ್ಯವಾಗುತ್ತದೆ. ಏನೂ ಕಾಣದಂತೆ ಕತ್ತಲೆಯಲ್ಲಿ ಬಿಟ್ಟರೆ ನಟನ ಶ್ರಮ ವ್ಯರ್ಥವಾಗುತ್ತದೆ. ಇವೆರಡರ ನಡುವಣ ಇಕ್ಕಟ್ಟಿನ ಹಾದಿಯಲ್ಲಿ ನಡೆದುದೇ ರಾಮಚಂದ್ರರ ಜಾಣ್ಮೆ. ಮರುವರ್ಷದ ‘ಋಷ್ಯಶೃಂಗ’ಕ್ಕೆ ಅವರಿಗೆ ಕಪ್ಪುಬಿಳುಪು ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿ ದೊರೆಯಿತು.

1977ರಲ್ಲಿ ಗಿರೀಶ ಕಾಸರವಳ್ಳಿಯವರ ಮೊದಲ ಚಿತ್ರವಾದ ‘ಘಟಶ್ರಾದ್ಧ’ ಬಂದಿತು. ವಿಧವೆಯಾದ ಯಮುನೆಯನ್ನು ಅಗ್ರಹಾರವು ಬದುಕಿರುವಾಗಲೇ ಸತ್ತವಳೆಂದು ಬಿಡುವ ಆ ಕಥೆಯ ಕೊನೆಯಲ್ಲಿ, ಕೇಶಮುಂಡನವಾಗಿ ಮರದ ಬುಡದಲ್ಲಿ ಕುಳಿತ ಹೆಂಗಸನ್ನು ರಾಮಚಂದ್ರರು ಯಾವ ಅಲಂಕಾರವೂ ಇಲ್ಲದ ಹಗಲ ಬೆಳಕಿನಲ್ಲಿ ತೋರಿಸುತ್ತಾರೆ. ಮೂರ್ತಿಯವರಾಗಿದ್ದರೆ ಅಲ್ಲಿ ಒಂದು ನೆರಳನ್ನು ತರುತ್ತಿದ್ದರೇನೋ. ರಾಮಚಂದ್ರರು ತರಲಿಲ್ಲ, ಏಕೆಂದರೆ ಆ ಅನ್ಯಾಯವು ನಡೆದುದು ಹಾಡುಹಗಲಿನಲ್ಲಿ, ಎಲ್ಲರ ಸಮ್ಮತಿಯಿಂದ.

ರಾಮಚಂದ್ರರನ್ನು ದೇಶಕ್ಕೆಲ್ಲ ಮುಟ್ಟಿಸಿದುದು ಮಾತ್ರ ದೂರದರ್ಶನವೇ. ಆರ್. ಕೆ. ನಾರಾಯಣರ ಕಥೆಗಳಿಂದ ಶಂಕರನಾಗ್ ನಿರ್ದೇಶಿಸಿದ ‘ಮಾಲ್ಗುಡಿ ಡೇಸ್’ ಧಾರಾವಾಹಿಯ ಬಹುಭಾಗವು ಆಗುಂಬೆಯಲ್ಲಿ ಚಿತ್ರಿತವಾಯಿತು. ವರ್ಷಕ್ಕೆ 7000 ಮಿಲಿಮೀಟರಿಗೂ ಮಿಕ್ಕಿ ಮಳೆ ಸುರಿಯುವ ಆ ಊರಿನ ಬೆಳಕು ತೇವವಾದದ್ದು. ಹಂಚಿನ ಮಾಡು, ಮರದ ಕಂಬ, ಜಗಲಿ, ಮಣ್ಣಿನ ಬೀದಿ ಇವುಗಳ ಮೇಲೆ ಬಿದ್ದ ಆ ಬೆಳಕನ್ನೇ ಭಾರತದ ಜನರು ಇಂದಿಗೂ ಮಾಲ್ಗುಡಿಯ ಬೆಳಕೆಂದು ನಂಬಿದ್ದಾರೆ. ನಾರಾಯಣರು ಕಲ್ಪಿಸಿದ ಬಯಲುಸೀಮೆಯ ಪಟ್ಟಣವು ಮಲೆನಾಡಿಗೆ ಬಂದು ನೆಲೆಸಿಬಿಟ್ಟಿತು. ಅದರಲ್ಲಿ ಛಾಯಾಗ್ರಾಹಕನ ಪಾಲು ನಿರ್ದೇಶಕನ ಪಾಲಿಗಿಂತ ಕಡಿಮೆಯೇನಲ್ಲ. ವೈದೇಹಿಯವರ ಕಥೆಯಿಂದ ಕಾಸರವಳ್ಳಿಯವರು 2008ರಲ್ಲಿ ಮಾಡಿದ ‘ಗುಲಾಬಿ ಟಾಕೀಸ್’ ಚಿತ್ರದಲ್ಲಿ ರಾಮಚಂದ್ರರು ಕುಂದಾಪುರದ ಕಡೆಯ ಕಡಲತಡಿಗೆ ಬಂದರು. ಬಡ ಸೂಲಗಿತ್ತಿಯ ಮನೆಗೆ ಬಣ್ಣದ ಟಿ.ವಿ. ಬರುವುದೇ ಅದರ ಕಥಾವಸ್ತು. 2011ರ ಜನವರಿಯಲ್ಲಿ ರಾಮಚಂದ್ರರು ನಿಧನರಾದರು.

ಮೂರ್ತಿಯವರು ಕನ್ನಡಕ್ಕೆ ಕ್ಯಾಮೆರಾ ಹಿಡಿದುದು ಬಹಳ ತಡವಾಗಿ, ತ್ರಿವೇಣಿಯವರ ಕಾದಂಬರಿಯಿಂದ ರಾಜೇಂದ್ರಸಿಂಗ್ ಬಾಬು ನಿರ್ದೇಶಿಸಿದ 1993ರ ‘ಹೂವು ಹಣ್ಣು’ ಚಿತ್ರದಲ್ಲಿ. ಅರ್ಧ ಶತಮಾನದ ಮುಂಬಯಿ ವಾಸವನ್ನು ಮುಗಿಸಿ ಅವರು 2001ರಲ್ಲಿ ಬೆಂಗಳೂರಿಗೆ ಹಿಂದಿರುಗಿದರು. ಉಮಾ ರಾವ್ ಅವರು ‘ಬಿಸಿಲು ಕೋಲು’ ಎಂಬ ಹೆಸರಿನಲ್ಲಿ ಅವರ ಜೀವನವನ್ನು ಕನ್ನಡದಲ್ಲಿ ಬರೆದುದು ನಮ್ಮ ಭಾಷೆಗೆ ಸಂದ ಲಾಭ. 2014ರ ಏಪ್ರಿಲ್ 7ರಂದು, ತೊಂಬತ್ತರ ವಯಸ್ಸಿನಲ್ಲಿ, ಅವರು ಬೆಂಗಳೂರಿನಲ್ಲಿಯೇ ದಿವಂಗತರಾದರು.

ಇವರ ಕೆಲಸವು ಉಳಿಯುವುದೇ ಎಂಬುದು ಈಗಿನ ಪ್ರಶ್ನೆ. ಲೇಖಕನ ಪುಸ್ತಕವನ್ನು ಮರುಮುದ್ರಿಸಬಹುದು. ಛಾಯಾಗ್ರಾಹಕನ ಕೃತಿಯಾದರೋ ಒಂದೇ ಒಂದು ನೆಗೆಟಿವಿನಲ್ಲಿದೆ. ಸೆಕೆಯೂ ಆರ್ದ್ರತೆಯೂ ಕೂಡಿದ ನಮ್ಮ ಹವೆಯಲ್ಲಿ ಅದು ಹುಳಿವಾಸನೆ ಹಿಡಿದು, ಸುರುಟಿ, ಕೊನೆಗೆ ಪುಡಿಯಾಗುತ್ತದೆ. ಹಾಗಾಗದಂತೆ ತಡೆಯುವುದು ಸಾಧ್ಯವೆಂಬುದಕ್ಕೆ ‘ಘಟಶ್ರಾದ್ಧ’ವೇ ನಿದರ್ಶನ: ಫಿಲ್ಮ್ ಹೆರಿಟೇಜ್ ಫೌಂಡೇಷನ್ ಮತ್ತು ವರ್ಲ್ಡ್ ಸಿನೆಮಾ ಪ್ರಾಜೆಕ್ಟ್ ಕೂಡಿ ಅದನ್ನು ಪುನರುಜ್ಜೀವನಗೊಳಿಸಿ 2024ರ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶಿಸಿದವು. ಕನ್ನಡದ ಚಿತ್ರವೊಂದನ್ನು ಉಳಿಸುವುದಕ್ಕೆ ಹೊರನಾಡಿನವರು ಹಣವನ್ನೂ ಶ್ರಮವನ್ನೂ ಕೊಟ್ಟಿರುವಾಗ, ‘ಋಷ್ಯಶೃಂಗ’, ‘ಚೋಮನ ದುಡಿ’ಗಳಿಗೂ ಅದೇ ಉಪಚಾರ ಸಲ್ಲುವಂತೆ ನಮ್ಮ ಸರಕಾರವೂ ಅಕಾಡೆಮಿಯೂ ಧನವಂತರೂ ಮುಂದಾಗಬೇಕು, ಈ ಚಿತ್ರಗಳ ಹಳೆಯ ಪ್ರತಿಗಳು ಯಾರ ಅಟ್ಟದಲ್ಲಾದರೂ, ಯಾವ ಹಳೆಯ ಟಾಕೀಸಿನ ಕೋಣೆಯಲ್ಲಾದರೂ ಇದ್ದರೆ, ದಯವಿಟ್ಟು ಅವುಗಳನ್ನು ಎಸೆಯದೆ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ತಿಳಿಸಬೇಕೆಂದು ಓದುಗರಲ್ಲಿ ನನ್ನ ಪ್ರಾರ್ಥನೆ.